ಕಲ್ಲಿನ ಕಾಲ, ಮಲೆಯ ಕಾಲ: ಆತಕೂರು ಶಾಸನದ ಬೆಳಕಿನಲ್ಲಿ ಮಾದೇಶ್ವರ ಕಾವ್ಯದ ಕಾಡು

ದಕ್ಷಿಣ ಕರ್ನಾಟಕದ ಮೌಖಿಕ ಮಹಾಕಾವ್ಯಗಳನ್ನು ಕುರಿತ ಅಧ್ಯಯನಗಳಲ್ಲಿ ಕಾಲದ ಪ್ರಶ್ನೆ ಎದುರಾದಾಗಲೆಲ್ಲ ವಿದ್ವಾಂಸರು ಸಾಮಾನ್ಯವಾಗಿ ಎರಡು ದಾರಿಗಳಲ್ಲಿ ಒಂದನ್ನು ಹಿಡಿದಿದ್ದಾರೆ. ಕಾವ್ಯದೊಳಗಿನ ಹೆಸರುಗಳನ್ನು ಶಾಸನ, ಮಠಪರಂಪರೆ ಹಾಗೂ ಲಿಖಿತ ಪುರಾಣಗಳೊಂದಿಗೆ ತಾಳೆ ನೋಡಿ ನಾಯಕನ ಕಾಲವನ್ನು ನಿರ್ಣಯಿಸಲು ಯತ್ನಿಸುವುದು ಮೊದಲನೆಯ ದಾರಿ. ತಾಳೆಯಾಗದ ಭಾಗವನ್ನು 'ಕಾಲವಿಪರ್ಯಾಸ'ವೆಂದು ಕರೆದು ಪಕ್ಕಕ್ಕಿಡುವುದು ಇದರ ಅನಿವಾರ್ಯ ಫಲ. ಜನಪದ ಕಾವ್ಯಕ್ಕೆ ಕಾಲದ ಹಂಗೇ ಇಲ್ಲ, ಅದು ಪುರಾಣದ ನಿತ್ಯವರ್ತಮಾನದಲ್ಲಿ ನಿಂತಿದೆ ಎಂದು ಮೆಚ್ಚಿ ಮುಂದೆ ಸಾಗುವುದು ಎರಡನೆಯದು. ಮೇಲ್ನೋಟಕ್ಕೆ ಪರಸ್ಪರ ವಿರುದ್ಧವೆನಿಸುವ ಈ ನಿಲುವುಗಳು ಒಂದು ನಂಬಿಕೆಯಲ್ಲಿ ಒಂದಾಗುತ್ತವೆ: ಹಾಡುವವರಿಗೆ ಕಾಲದ ಲೆಕ್ಕ ತಿಳಿಯದು ಎಂಬುದೇ ಆ ನಂಬಿಕೆ. ಮಲೆಯ ಮಾದೇಶ್ವರ ಕಾವ್ಯದ ಕಾಡನ್ನು ನಿಧಾನವಾಗಿ ಓದಿದರೆ ಈ ನಂಬಿಕೆ ಸಡಿಲಗೊಳ್ಳುತ್ತದೆ. ಅಲ್ಲಿ ಕಾಲ ವಿಚಿತ್ರವಾಗಿ ವರ್ತಿಸುವುದು ನಿಜ. ಆದರೆ ಆ ವೈಚಿತ್ರ್ಯದಲ್ಲಿ ಒಂದು ಕಟ್ಟುನಿಟ್ಟಾದ ಲೆಕ್ಕಾಚಾರವಿದೆ, ಆ ಲೆಕ್ಕ ಯಾರ ಪರವಾಗಿ ನಡೆಯುತ್ತಿದೆಯೆಂಬುದೇ ವಿಮರ್ಶೆ ಕೇಳಬೇಕಾದ ಪ್ರಶ್ನೆ.

ಕಾವ್ಯದ ಕಾಡನ್ನು ಹೊಗುವ ಮೊದಲು, ಆ ಕಾವ್ಯವನ್ನು ಹಾಡುತ್ತ ಕೇಳುತ್ತ ಬಂದಿರುವ ಸೀಮೆಯದೇ ಒಂದು ಕಲ್ಲನ್ನು ನೋಡುವುದು ಉಪಯುಕ್ತ. ಮಂಡ್ಯ ಜಿಲ್ಲೆಯ ಮದ್ದೂರು ತಾಲ್ಲೂಕಿನ ಹೋಬಳಿ ಕೇಂದ್ರ ಆತಗೂರು. ಶಾಸನಗಳ ಆತುಕೂರು ಅಥವಾ ಆತಕೂರು ಇದೇ ಊರು. ಇಲ್ಲಿ ದೊರೆತು, ಈಗ ಬೆಂಗಳೂರಿನ ಸರ್ಕಾರಿ ವಸ್ತುಸಂಗ್ರಹಾಲಯದಲ್ಲಿರುವ ಶಾಸನ ಶಕ 872ನೆಯ ಸೌಮ್ಯ ಸಂವತ್ಸರದ್ದು, ಎಂದರೆ ಕ್ರಿ.ಶ. 949-50ರದ್ದು. ರಾಷ್ಟ್ರಕೂಟ ಮೂರನೆಯ ಕೃಷ್ಣನು ತಕ್ಕೋಲದಲ್ಲಿ ಚೋಳ ರಾಜಾದಿತ್ಯನ ಮೇಲೆ ಬಿದ್ದದ್ದು, ಗಂಗರ ಇಮ್ಮಡಿ ಬೂತುಗನು ರಾಜಾದಿತ್ಯನ ಆನೆಯ ಮೇಲಣ ಪೀಠವನ್ನೇ ಕಳನಾಗಿಸಿಕೊಂಡು ಅವನನ್ನು ಇರಿದು ಕೊಂದದ್ದು, ಆ ಸಾಹಸಕ್ಕೆ ಬನವಾಸಿ, ಬೆಳ್ವೊಲ, ಪುರಿಗೆರೆ, ಕಿಸುಕಾಡು, ಬಾಗೆನಾಡುಗಳನ್ನು ಪಡೆದದ್ದು, ಬೂತುಗನ ಆಳಾದ ಸಗರವಂಶದ ಮಣಲೇರನಿಗೆ ಆತುಕೂರು ಹನ್ನೆರಡೂ ಬೆಳ್ವೊಲದ ಕೋಟೆಯೂರೂ ದೊರೆತದ್ದು ಇಲ್ಲಿ ದಾಖಲಾಗಿವೆ. ಇತಿಹಾಸಕಾರರು ಈ ಶಾಸನಕ್ಕೆ ಮತ್ತೆ ಮತ್ತೆ ಮರಳುವುದು ಈ ಸಂಗತಿಗಳಿಗಾಗಿ.

ಆದರೆ ಕಲ್ಲು ನಿಂತದ್ದು ತಕ್ಕೋಲದ ಯುದ್ಧಕ್ಕಾಗಿ ಅಲ್ಲ. ಬೂತುಗ ಮೆಚ್ಚಿ 'ಬೇಡಿಕೊ' ಎಂದಾಗ ಮಣಲೇರನು ಒಡೆಯನ ಕಾಳಿ ಎಂಬ ನಾಯಿಯನ್ನು ಬೇಡಿದ. ಕೆಳಲೆನಾಡಿನ ಬೆಳತೂರಿನ ಪಡುವಣ ದಿಕ್ಕಿನ ಮೊರಡಿಯಲ್ಲಿ ಅದನ್ನು ದೊಡ್ಡದೊಂದು ಕಾಡುಹಂದಿಯ ಮೇಲೆ ಬಿಟ್ಟಾಗ ಹಂದಿಯೂ ನಾಯಿಯೂ ಒಟ್ಟಿಗೆ ಸತ್ತವು. ಆ ನಾಯಿಗಾಗಿ ಆತುಕೂರಿನ ಚಲ್ಲೇಶ್ವರ ದೇವಾಲಯದ ಮುಂದೆ ಕಲ್ಲು ನೆಡಿಸಿ, ಹಿರಿಯ ಕೆರೆಯ ಕೆಳಗೆ ಎರಡು ಖಂಡುಗದ ಮಣ್ಣನ್ನು ಬಿಡಲಾಯಿತು. ಆ ಸ್ಥಾನವನ್ನು ನೋಡಿಕೊಳ್ಳುವ ಗೊರವನು ಕಲ್ಲನ್ನು ಪೂಜಿಸದೆ ಉಂಡರೆ ನಾಯಿಯ ಪಾಪ ಅವನಿಗೆ ತಟ್ಟುತ್ತದೆಂಬ ಶಾಪವೂ ಉಂಟು. ಕಲ್ಲಿನ ನಡುವೆ ನಾಯಿ ಹಂದಿಗಳ ಕಾಳಗದ ಚಿತ್ರವಿದೆ, ಸಾಮ್ರಾಜ್ಯದ ಸುದ್ದಿಯೆಲ್ಲ ಅದರ ಸುತ್ತ ಅಕ್ಷರವಾಗಿ ಹರಡಿದೆ.

ಈ ಶಾಸನದಲ್ಲಿ ಕಾಡು ಒಂದೇ ಒಂದು ಕ್ಷಣ ಕಾಣಿಸಿಕೊಳ್ಳುತ್ತದೆ. ಊರಿನ ದಿಕ್ಕಿನಿಂದ ಅಳೆದ ಮೊರಡಿ ಅದು, ಬೇಟೆಯವರು ಹೋಗಿ ಬರುವಷ್ಟು ದೂರದ್ದು. ಅಲ್ಲಿ ನಡೆದುದಕ್ಕೆ ಸಂವತ್ಸರವಿದೆ, ನಾಯಿಗೆ ಹೆಸರಿದೆ, ನಾಯಿಯ ಒಡೆಯನಿಗೆ ವಂಶವಿದೆ, ಒಡೆಯನ ಒಡೆಯನಿಗೆ ಬಿರುದುಗಳಿವೆ. ಹಂದಿಯ ಜಾಡು ತೋರಿಸಿದವರು ಯಾರು, ಆ ಗುಡ್ಡದಲ್ಲಿ ಬದುಕಿದ್ದವರು ಯಾರು ಎಂಬುದು ಮಾತ್ರ ಇಲ್ಲ. ಶಾಸನವನ್ನು ಈ ಮೌನಕ್ಕಾಗಿ ದೂರಬೇಕಾಗಿಲ್ಲ. ಒಂದು ನಾಯಿಯ ಸಾವಿಗೆ ದೊರೆಗಳ ಯುದ್ಧದಷ್ಟೇ ಜಾಗ ಕೊಟ್ಟ ಕಲ್ಲು ಕನ್ನಡದಲ್ಲಿ ಅಪರೂಪವೇ. ಗಮನಿಸಬೇಕಾದ ಸಂಗತಿ ಬೇರೆ. ಕಲ್ಲಿನ ಕಾಲಗಣನೆ ಒಡೆತನದ ಸರಪಣಿಯ ಮೂಲಕ ಮೇಲಿನಿಂದ ಕೆಳಕ್ಕೆ ಇಳಿದು ಬರುತ್ತದೆ. ಆ ಸರಪಣಿಯ ಕೊನೆಯ ಕೊಂಡಿ ಕಾಳಿ. ಆ ಕೊಂಡಿಯಿಂದಾಚೆಗೆ ದಿನಾಂಕವಿಲ್ಲ.

ಅಲ್ಲಿಂದಾಚೆಗಿನ ಜನಕ್ಕೆ ಇದೇ ಸೀಮೆಯ ಬೇರೊಂದು ಸ್ಮೃತಿವ್ಯವಸ್ಥೆ ಜಾಗ ಕೊಟ್ಟಿದೆ. ಮಂಡ್ಯ, ಮದ್ದೂರು, ಮಳವಳ್ಳಿ ಸೀಮೆಯಲ್ಲಿ ಮಾದಪ್ಪನ ಒಕ್ಕಲಿನ ಮನೆಗಳು ಸಾಕಷ್ಟಿವೆ. ಹರಕೆ ಹೊತ್ತವರು ದೇವರಗುಡ್ಡರನ್ನು ಕರೆಸಿ ಇರುಳೆಲ್ಲ ಕಥೆ ಮಾಡಿಸುವುದು, ಜಾತ್ರೆಗೆ ಕಾಲ್ನಡಿಗೆಯಲ್ಲಿ ಬೆಟ್ಟಕ್ಕೆ ಹೋಗುವುದು ಇಲ್ಲಿನ ವಾಡಿಕೆ. ಮಂಟೇಸ್ವಾಮಿಯನ್ನು ಹಾಡುವ ನೀಲಗಾರರ ನೆಲೆಯೂ ಇದೇ. ಈ ಎರಡು ಕಾವ್ಯಗಳ ಭೂಗೋಳವನ್ನು ಗಮನಿಸಿದರೆ ಮೊದಲು ಎದ್ದುಕಾಣುವುದು ಅದರ ಖಚಿತತೆ. ಸಿದ್ಧಪ್ಪಾಜಿಯಾಗುವ ಕೆಂಪಾಚಾರಿಯ ಊರು ಮದ್ದೂರಿನ ದಾರಿಯ ನಿಡಘಟ್ಟ. ಅವನು ಕಬ್ಬಿಣದ ಭಿಕ್ಷೆಗೆ ಹೋಗಿ ಪಾಂಚಾಳರಿಂದ ಕಷ್ಟಕ್ಕೆ ಒಳಗಾಗುವ ಹಲಗೂರು, ಮಂಟೇಸ್ವಾಮಿ ನೆಲೆಗೊಳ್ಳುವ ಬೊಪ್ಪೇಗೌಡನಪುರ ಎರಡೂ ಮಳವಳ್ಳಿ ತಾಲ್ಲೂಕಿನವು. ಕೇಳುಗರು ಸಂತೆಗೆ ಹೋಗಿಬರುವ ಊರುಗಳಿವು. ದೇಶದ ವಿಷಯದಲ್ಲಿ ಇಷ್ಟು ನಿಖರವಾಗಿರುವ ಹಾಡುಗಾರರು ಕಾಲದ ವಿಷಯದಲ್ಲಿ ಮಾತ್ರ ದಿಕ್ಕುತಪ್ಪಿದ್ದಾರೆಂದು ಭಾವಿಸುವುದು ಅಷ್ಟು ಸಮಂಜಸವಲ್ಲ. ಮಂಟೇಸ್ವಾಮಿ ಬಸವಣ್ಣನ ಕಲ್ಯಾಣವನ್ನು ಪರೀಕ್ಷಿಸಿ, ಅಲ್ಲಿಂದ ದಕ್ಷಿಣಕ್ಕೆ ನಡೆದು ಬರುತ್ತಾನೆ. ಚರಿತ್ರೆಕಾರನ ಲೆಕ್ಕದಲ್ಲಿ ಆ ನಡಿಗೆಗೆ ಕೆಲವು ಶತಮಾನಗಳು ಬೇಕು. ಕಾವ್ಯದಲ್ಲಿ ಅದು ದಾರಿಯುದ್ದದ ಕಷ್ಟಸುಖಗಳ ಸಾಲು. ಇಲ್ಲಿ ಕಾಲ ದೂರವಾಗಿ ಮಾರ್ಪಟ್ಟಿದೆ. ಅದನ್ನು ಕಾಲ್ನಡಿಗೆಯಲ್ಲಿ ದಾಟಬಹುದು. ಕಲ್ಯಾಣದಲ್ಲಿ ಮುರಿದುಬಿದ್ದ ಸಂಗತಿಯೊಂದು ಮಳವಳ್ಳಿಯ ದಾರಿಯಲ್ಲಿ ಇನ್ನೂ ಜೀವದಿಂದಿದೆ ಎಂದು ಹೇಳಲು ಇದಕ್ಕಿಂತ ನೇರವಾದ ವಿಧಾನ ಬೇರೊಂದಿರಲಾರದು.

ಮಾದೇಶ್ವರ ಕಾವ್ಯದಲ್ಲಿ ಈ ವಿಧಾನ ಇನ್ನೂ ಸಾಂದ್ರವಾಗಿದೆ, ಏಕೆಂದರೆ ಅಲ್ಲಿ ದಾರಿಯ ಜಾಗವನ್ನು ಕಾಡು ಆಕ್ರಮಿಸುತ್ತದೆ. ಮಳವಳ್ಳಿ, ಕೊಳ್ಳೇಗಾಲ, ಹನೂರು, ಕೌದಳ್ಳಿಗಳನ್ನು ದಾಟಿ ತಾಳಬೆಟ್ಟದಿಂದ ಏರುವ ಬೆಟ್ಟ ಎಲ್ಲರೂ ಬಲ್ಲ ಬೆಟ್ಟ. ಅದು 1956ರವರೆಗೆ ಮದರಾಸಿನ ಕೊಯಮತ್ತೂರು ಜಿಲ್ಲೆಗೆ ಸೇರಿತ್ತು, ಆಮೇಲೆ ಮೈಸೂರಿಗೆ, 1997ರಿಂದ ಚಾಮರಾಜನಗರಕ್ಕೆ ಸೇರಿದೆ. 2013ರಲ್ಲಿ ಸುತ್ತಲ ಕಾಡು ವನ್ಯಜೀವಿಧಾಮವಾಯಿತು. ಹಾಡಿನ ಮಲೆ ಈ ಗಡಿಗಳಿಗೆ ಸಿಕ್ಕುವುದಿಲ್ಲ. ಅದು ಏಳುಮಲೆ, ಎಪ್ಪತ್ತೇಳು ಮಲೆ. ಆನೆಮಲೆ, ಜೇನುಮಲೆ, ಕಾನುಮಲೆ, ಪಚ್ಚೆಮಲೆ, ಪವಳಮಲೆ, ಪೊನ್ನಾಚಿಮಲೆ, ಕೊಂಗುಮಲೆ ಎಂದು ಮೊದಲ ಏಳನ್ನು ಹೆಸರಿಸುವ ಗಾಯಕ ಎಪ್ಪತ್ತೇಳನ್ನು ಸಂಖ್ಯೆಗೆ ಬಿಟ್ಟುಬಿಡುತ್ತಾನೆ. ಏಳು ಎಣಿಕೆಗೆ ಸಿಕ್ಕುವ ಕಾಡು, ಎಪ್ಪತ್ತೇಳು ಎಣಿಕೆಯ ಆಚೆಗಿನ ಕಾಡು. ಇವೆರಡರ ನಡುವೆ, ನಡುಮಲೆಯಲ್ಲಿ, ಹುಲಿಯನ್ನೇರಿದ ಮಾದಪ್ಪನಿದ್ದಾನೆ. ನಕ್ಷೆಯ ಬೆಟ್ಟದ ಮೇಲೆ ಹೊದಿಸಿದ ಕಲ್ಪನೆಯ ಕಾಡು ಇದು.

ಮಾಯೆಯ ಕಾಡುಗಳು ಲೋಕಸಾಹಿತ್ಯಕ್ಕೆ ಹೊಸವಲ್ಲ. ಒಳಹೊಕ್ಕವನಿಗೆ ಒಂದು ಗಳಿಗೆ, ಹೊರಗಿದ್ದವರಿಗೆ ಒಂದು ತಲೆಮಾರು ಎಂಬುದು ಅವುಗಳ ಸಾಮಾನ್ಯ ನಿಯಮ. 1819ರಲ್ಲಿ ಅಮೆರಿಕದ ವಾಷಿಂಗ್ಟನ್ ಇರ್ವಿಂಗ್ ಬರೆದ ರಿಪ್ ವ್ಯಾನ್ ವಿಂಕಲ್‌ನ ಕಥೆಯಲ್ಲಿ ಬೆಟ್ಟದಲ್ಲಿ ಮಲಗಿದವನು ಎದ್ದು ಬರುವಷ್ಟರಲ್ಲಿ ಇಪ್ಪತ್ತು ವರ್ಷ ಕಳೆದು ರಾಜ್ಯವೇ ಬದಲಾಗಿರುತ್ತದೆ. ಭಾಗವತದ ರೈವತ ಕಕುದ್ಮಿ ಮಗಳು ರೇವತಿಗೆ ವರನನ್ನು ಕೇಳಲು ಬ್ರಹ್ಮನ ಬಳಿಗೆ ಹೋಗಿ, ಅಲ್ಲಿನ ಗಾನ ಮುಗಿಯಲೆಂದು ತುಸು ಹೊತ್ತು ಕಾದುದಕ್ಕೆ ಭೂಮಿಯಲ್ಲಿ ಇಪ್ಪತ್ತೇಳು ಚತುರ್ಯುಗಗಳು ಕಳೆದುಹೋದವು. ಕನ್ನಡದ ಲಿಖಿತ ಪರಂಪರೆಯಲ್ಲಿ ಹರಿಹರನ ಪ್ರಭುದೇವರ ರಗಳೆಯ ಅಲ್ಲಮ, ಕಾಮಲತೆಯ ಸಾವಿನ ದುಃಖದಲ್ಲಿ ಅಲೆಯುತ್ತ, ಕಾಲ ಉಗುರಿನಿಂದ ನೆಲ ಕೆರೆದಾಗ ಕಳಸ ಕಂಡು, ಅಗೆಸಿದಾಗ ನೆಲದೊಳಗಿನ ಗುಡಿಯಲ್ಲಿ ಅನಿಮಿಷನನ್ನು ಕಾಣುತ್ತಾನೆ. ರೆಪ್ಪೆ ಮಿಟುಕಿಸದವನೆಂಬ ಅರ್ಥದ ಆ ಹೆಸರಿನಲ್ಲೇ 'ನಿಮಿಷ'ದ ನಿಷೇಧವಿದೆಯೆಂಬುದು ಸ್ವಾರಸ್ಯಕರ. ಈ ಎಲ್ಲ ಕಥೆಗಳಲ್ಲಿ ಕಾಲದ ಏರುಪೇರು ಒಬ್ಬ ವ್ಯಕ್ತಿಯ ಅನುಭವ. ಅವನು ಲೋಕದ ಕಾಲದಿಂದ ಜಾರುತ್ತಾನೆ. ಲೋಕ ತನ್ನ ಪಾಡಿಗೆ ತಾನು ಮುಂದೆ ಹೋಗುತ್ತದೆ. ಮಾದೇಶ್ವರನ ಮಲೆಯ ರೀತಿ ಹೀಗಿಲ್ಲ. ಅಲ್ಲಿ ಜಾರುವುದು ಲೋಕವೇ.

ಶ್ರವಣನ ಸಾಲನ್ನು ನೋಡಬಹುದು. ಬಂಕಾಪುರಿಯ ಶ್ರವಣ ದೇವತೆಗಳನ್ನೇ ಸೆರೆಹಿಡಿದು ಊಳಿಗಕ್ಕೆ ಹಚ್ಚಿದವನು. ಅವನ ಕಾಲ ಪುರಾಣದ ಕಾಲ. ಅವನನ್ನು ಕೊಲ್ಲಹೊರಟ ಮಾದೇಶ್ವರ ಸುತ್ತೂರು, ಕುಂತೂರು ಮಠಗಳಲ್ಲಿ ಇದ್ದು ಬಂದವನು, ರಾಗಿ ಬೀಸಿದವನು. ಅವನನ್ನು ಹದಿನಾಲ್ಕರಿಂದ ಹದಿನಾರನೆಯ ಶತಮಾನದ ನಡುವೆ ಎಲ್ಲಾದರೂ ಇರಿಸುವುದು ವಿದ್ವಾಂಸರ ರೂಢಿ. ಶ್ರವಣನ ಕೊಲೆಗೆ ಬೇಕಾದ ಉರಿಯ ಎಕ್ಕಡವನ್ನು ಮಾಡಿಕೊಡುವವನು ಹರಳಯ್ಯ. ಈ ಹೆಸರು ಬಂದೊಡನೆ ಕೇಳುಗರ ಮನಸ್ಸು ಹನ್ನೆರಡನೆಯ ಶತಮಾನದ ಕಲ್ಯಾಣಕ್ಕೆ ಹೋಗುತ್ತದೆ. ಹೀಗೆ ಮೂರು ಕಾಲಗಳು ಒಂದು ಜೋಡಿ ಎಕ್ಕಡದ ಸುತ್ತ ಕೂಡಿವೆ. ಕಾಲನಿರ್ಣಯದ ವಿದ್ವಾಂಸನಿಗೆ ಇದು ತೊಡಕು. 'ಬೇರೊಬ್ಬ ಹರಳಯ್ಯನಿರಬಹುದು' ಎಂಬ ಪರಿಹಾರವೂ ಸಿದ್ಧವಾಗಿದೆ. ಆದರೆ ಇಬ್ಬರು ಹರಳಯ್ಯರನ್ನು ಮಾಡಿದ ಕ್ಷಣವೇ ಕಾವ್ಯದ ಮಾತು ಸತ್ತುಹೋಗುತ್ತದೆ.

ಶರಣಪರಂಪರೆಯ ಹರಳಯ್ಯ ತನ್ನ ಮತ್ತು ಹೆಂಡತಿ ಕಲ್ಯಾಣಮ್ಮನ ತೊಡೆಯ ಚರ್ಮದಿಂದ ಬಸವಣ್ಣನಿಗೆ ಪಾದರಕ್ಷೆ ಹೊಲಿದವನು. ಬ್ರಾಹ್ಮಣ ಮೂಲದ ಮಧುವಯ್ಯನ ಮಗಳನ್ನು ತನ್ನ ಮಗನಿಗೆ ತಂದುಕೊಂಡುದಕ್ಕೆ ಬಿಜ್ಜಳನ ಆಜ್ಞೆಯಿಂದ ಮಧುವಯ್ಯನೊಂದಿಗೆ ಕೊಲೆಯಾದವನು. ಅಲ್ಲಿ ಅವನ ಎಕ್ಕಡ ಭಕ್ತಿಯ ಕಾಣಿಕೆಯಾಗಿ, ಯಾರೂ ಮೆಟ್ಟಲಾಗದ ಪವಿತ್ರ ವಸ್ತುವಾಗಿ ನಿಂತುಬಿಟ್ಟಿತು. ಹರಳಯ್ಯ ದೊರೆಯ ಕೈಯಲ್ಲಿ ಸತ್ತ. ಮಲೆಯಲ್ಲಿ ಅವನು ಸತ್ತಿಲ್ಲ. ಅವನ ಕಸುಬು ನಿಂತಿಲ್ಲ. ಅವನು ಹೊಲಿದ ಎಕ್ಕಡವನ್ನು ಈ ಸಲ ದೊರೆಯೊಬ್ಬ ಮೆಟ್ಟುತ್ತಾನೆ, ಮೆಟ್ಟಿ ಸುಟ್ಟುಹೋಗುತ್ತಾನೆ. ಕಲ್ಯಾಣದಲ್ಲಿ ಬಾಕಿ ಉಳಿದ ಲೆಕ್ಕ ಕಾಡಿನಲ್ಲಿ ತೀರುತ್ತದೆ. ಇದನ್ನು ಕಾಲದ ಅಜ್ಞಾನವೆನ್ನುವುದು ಹೇಗೆ? ಹರಳಯ್ಯ ಯಾವಾಗ, ಯಾತಕ್ಕೆ, ಯಾರಿಂದ ಸತ್ತನೆಂಬುದನ್ನು ಚೆನ್ನಾಗಿ ಬಲ್ಲ ಸಮುದಾಯ ಮಾತ್ರ ಅವನನ್ನು ಶ್ರವಣನ ಕಾಲಕ್ಕೆ ಕರೆತರಬಲ್ಲದು. ಕಾವ್ಯವನ್ನು ಹಾಡುವ ದೇವರಗುಡ್ಡರು ಹಲವು ಜಾತಿಗಳಿಂದ ಬಂದವರು. ಚರ್ಮದ ಕೆಲಸದವನ ಕೈಯಿಲ್ಲದೆ ಮಾದಪ್ಪನೂ ಗೆಲ್ಲಲಾರ ಎಂಬ ಮಾತನ್ನು ಎಲ್ಲರ ಮನೆಯ ಅಂಗಳದಲ್ಲಿ ಹಾಡಲಾಗುತ್ತದೆ ಎಂಬುದನ್ನೂ ಇದರೊಂದಿಗೆ ನೆನೆಯಬೇಕು.

ಶ್ರವಣನ ಸಾಲಿನಲ್ಲಿ ಯುಗಗಳು ಬೆರೆತರೆ, ಸಂಕಮ್ಮನ ಸಾಲಿನಲ್ಲಿ ತಿಂಗಳುಗಳು ಬೇರ್ಪಡುತ್ತವೆ. ಕಾವ್ಯದ ಅತ್ಯಂತ ಮನಮುಟ್ಟುವ ಭಾಗವಿದು; ಕಾಲದ ದೃಷ್ಟಿಯಿಂದ ಅತ್ಯಂತ ಸೂಕ್ಷ್ಮವಾದುದೂ ಹೌದು. ಸೋಲಿಗರ ನೀಲೇಗೌಡ ಬೇಟೆಗೆ, ಜೇನಿಗೆ ಕಾಡಿಗೆ ಹೊರಟಿದ್ದಾನೆ. ಮಕ್ಕಳಿಲ್ಲದ ಹೆಂಡತಿ ಸಂಕಮ್ಮನ ಮೇಲೆ ಅವನಿಗೆ ಅನುಮಾನ. ತಾನು ಬರುವತನಕ ಶೀಲದಿಂದಿರುವೆನೆಂದು ಕೈಮೇಲೆ ಕೈಯಿಟ್ಟು ಭಾಷೆ ಕೊಡಬೇಕೆಂದು ಹಟ ಹಿಡಿಯುತ್ತಾನೆ. ಸಂಕಮ್ಮ ಕೊಡುವುದಿಲ್ಲ. ಗಂಡಹೆಂಡಿರ ನಡುವೆ ಆಣೆಭಾಷೆ ಸಲ್ಲದೆಂಬುದು ಅವಳ ನಿಲುವು. ಅವನು ಹಿಂಸಿಸುತ್ತಾನೆ, ಕಟ್ಟಿಹಾಕುತ್ತಾನೆ, ಹೊರಟುಹೋಗುತ್ತಾನೆ. ಜಂಗಮನಾಗಿ ಬಂದ ಮಾದೇಶ್ವರ ಅವಳ ಕಟ್ಟುಗಳನ್ನು ಬಿಡಿಸಿ ಸಂತಾನದ ವರ ಕೊಡುತ್ತಾನೆ. ಬೇಟೆಯಿಂದ ಮರಳಿದ ಗಂಡನ ಎದುರಿಗೆ ನಿಂತವಳು ಬಸುರಿ. ಆಮೇಲೆ ಸತ್ಯಪರೀಕ್ಷೆ, ಅವಳ ಗೆಲುವು, ಕಾರಯ್ಯ ಬಿಲ್ಲಯ್ಯರು ಮಾದಪ್ಪನ ಮಕ್ಕಳಾಗುವುದು.

ಈ ಸಾಲನ್ನು ಶೀಲಪರೀಕ್ಷೆಯ ಕಥೆಯಾಗಿ, ದೈವಮಹಿಮೆಯ ಕಥೆಯಾಗಿ, ಇತ್ತೀಚೆಗೆ ಸ್ತ್ರೀಪ್ರತಿರೋಧದ ಕಥೆಯಾಗಿ ಓದಲಾಗಿದೆ. ಮೂರೂ ಓದುಗಳಿಗೆ ಪಠ್ಯದಲ್ಲಿ ಆಧಾರವಿದೆ. ಆದರೆ ನೀಲೇಗೌಡ ಕೇಳುತ್ತಿರುವುದು ನಿಜಕ್ಕೂ ಏನು? ತಾನು ಕಾಡಿನಲ್ಲಿರುವಷ್ಟು ದಿನ ತನ್ನ ಪಾಲಿಗೆ ಕಾಲ ಎಂದಿನಂತೆ ನಡೆಯಬೇಕು. ಬೇಟೆ ಸಿಗಬೇಕು, ಜೇನು ತುಂಬಬೇಕು. ಗುಡಿಸಲಿನಲ್ಲಿ ಮಾತ್ರ ಅದು ನಿಂತಿರಬೇಕು. ಬಿಟ್ಟುಹೋದ ಹೆಂಡತಿ ಬಿಟ್ಟುಹೋದ ಹಾಗೆಯೇ ಸಿಗಬೇಕು. ಭಾಷೆಯೆಂದರೆ ಕಾಲಕ್ಕೆ ಹಾಕುವ ಬೀಗ. ಆ ಬೀಗಕ್ಕೆ ಸಂಕಮ್ಮ ಕೈಕೊಡದಿದ್ದಾಗ ಅವನು ಹಗ್ಗವನ್ನೂ ಮಂತ್ರವನ್ನೂ ಬಳಸುತ್ತಾನೆ. ಮಾಯೆಯ ಕಾಡಿನ ಕಥೆಗಳಲ್ಲಿ ಕಾಲವನ್ನು ನಿಲ್ಲಿಸುವುದು ಕಾಡು, ಕಾಲ ಹರಿಯುವುದು ಮನೆಯಲ್ಲಿ. ಇಲ್ಲಿ ಮಂತ್ರಕ್ಕೆ ಸಿಕ್ಕಿದ್ದು ಕಾಡಲ್ಲ, ಗುಡಿಸಲು. ಮಂತ್ರ ಹಾಕಿದವನು ಯಕ್ಷನೋ ದೇವತೆಯೋ ಅಲ್ಲ, ಗಂಡ. ಮಾದೇಶ್ವರ ಮಾಡಿದ ಪವಾಡವೂ ಹಾಗೆ ನೋಡಿದರೆ ಸರಳವಾದದ್ದು. ನಿಂತುಹೋಗಿದ್ದ ಕಾಲಕ್ಕೆ ಅವನು ಚಾಲನೆ ಕೊಟ್ಟ, ಅದು ಸಂಕಮ್ಮನ ಗರ್ಭದಲ್ಲಿ ಬೆಳೆಯಿತು. ಗಂಡ ಮರಳಿದಾಗ ಅವನ ಮುಂದಿರುವ ಬಸಿರು ಅವನಿಲ್ಲದ ದಿನಗಳ ಕಣ್ಣಿಗೆ ಕಾಣುವ ಲೆಕ್ಕ. ಅವನ ಕ್ರೋಧದ ಮೂಲ ಬರಿಯ ಅನುಮಾನ ಮಾತ್ರವಲ್ಲ. ತಾನಿಲ್ಲದೆಯೂ ದಿನಗಳು ಉರುಳಿದವೆಂಬುದೇ ಅವನಿಗೆ ಸಹಿಸಲಾಗದ ಸಂಗತಿ.

ಗಿರೀಶ ಕಾರ್ನಾಡರ 'ನಾಗಮಂಡಲ' (1988) ಎ.ಕೆ. ರಾಮಾನುಜನ್ನರಿಂದ ಕೇಳಿದ ಜನಪದ ಕಥೆಗಳಿಂದ ಬೆಳೆದದ್ದು. ಅಲ್ಲಿಯೂ ಬೀಗ ಹಾಕಿ ಹೋಗುವ ಗಂಡನಿದ್ದಾನೆ, ಬಸುರಿಯಾಗುವ ಹೆಂಡತಿಯಿದ್ದಾಳೆ, ದಿವ್ಯಪರೀಕ್ಷೆಯಿದೆ. ಆದರೆ ನಾಟಕದ ರಾಣಿಗೆ ಹಗಲೂ ರಾತ್ರಿಯೂ ಬರುವ ಗಂಡ ಒಬ್ಬನೇ ಎಂಬ ಭ್ರಮೆಯಿದೆ. ಸಂಕಮ್ಮನಿಗೆ ಅಂಥ ಭ್ರಮೆಯಿಲ್ಲ. ಬಂದವನು ಗಂಡನಲ್ಲವೆಂದೂ, ತಾನು ಭಾಷೆ ಕೊಟ್ಟಿಲ್ಲವೆಂದೂ ತಿಳಿದೇ ಅವಳು ಪರೀಕ್ಷೆಗೆ ನಿಲ್ಲುತ್ತಾಳೆ. ಈ ದೃಷ್ಟಿಯಿಂದ ಮೌಖಿಕ ಕಾವ್ಯ ನಾಟಕಕ್ಕಿಂತ ಕಠಿಣವಾದುದು ಎನ್ನಬೇಕಾಗುತ್ತದೆ.

ಇಲ್ಲಿ ಒಂದು ಆಕ್ಷೇಪಣೆಯನ್ನು ಎದುರಿಸದೆ ಮುಂದೆ ಹೋಗಲಾಗದು. ಕಾವ್ಯದ ಕಾಡು ಕಾಡಿನವರ ಸೃಷ್ಟಿಯೇ? ದೇವರಗುಡ್ಡರಲ್ಲಿ ಬಹುಪಾಲು ಬಯಲುಸೀಮೆಯ ಕೃಷಿಕ, ಕುರಿಗಾಹಿ ಸಮುದಾಯಗಳವರು. ಸೋಲಿಗನನ್ನು ಮಾಟಗಾರನಾಗಿ, ಹೆಂಡತಿಯನ್ನು ಹಿಂಸಿಸುವ ಕ್ರೂರಿಯಾಗಿ ಚಿತ್ರಿಸುವಲ್ಲಿ ಬಯಲಿನವರು ಕಾಡಿನವರ ಬಗ್ಗೆ ಇಟ್ಟುಕೊಂಡ ಭಯಾನುಮಾನಗಳ ಪಾಲಿದೆ ಎನ್ನುವುದನ್ನು ಅಲ್ಲಗಳೆಯುವಂತಿಲ್ಲ. ಸೋಲಿಗರದೇ ಹಾಡುಗಳಲ್ಲಿ ಕಾಡು ಬೇರೆಯಾಗಿಯೇ ಇದೆ. ಬಿಳಿಗಿರಿರಂಗನು ಸೋಲಿಗರ ಕುಸುಮಾಲೆಯನ್ನು ಮದುವೆಯಾದುದರ ನೆನಪಿನಲ್ಲಿ ಅವರು ದೇವರನ್ನೇ ಭಾವನೆಂದು ಕರೆಯುತ್ತಾರೆ. ರಾಗಿಯ ಕೊಯ್ಲಿಗೆ ರೊಟ್ಟಿಹಬ್ಬ ಮಾಡುತ್ತಾರೆ. ಅಲ್ಲಿ ಮಾಯೆಯಿಲ್ಲ, ನೆಂಟಸ್ತನವಿದೆ. ಕಾಲ ಅಲ್ಲಿ ಹೂವು, ಜೇನು, ಬೆಳೆಗಳ ಸರದಿಯಾಗಿದೆ. ಒಳಗಿನವರಿಗೆ ಕಾಡು ಎಂದೂ ವಿಚಿತ್ರವಲ್ಲ; ಅದರ ಕಾಲ ವಿಚಿತ್ರವಾಗಿ ಕಾಣುವುದು ಬಯಲಿನಿಂದ ನೋಡುವವರಿಗೆ. ಹಾಗಾದರೆ ಮಾದೇಶ್ವರ ಕಾವ್ಯದ ಮಲೆ ಬಯಲಿನವರ ಕನಸೆಂದು ಒಪ್ಪಿಕೊಳ್ಳಬೇಕು. ಆದರೂ ಆ ಕನಸು ಬಯಲಿನವರನ್ನು ಸುಮ್ಮನೆ ಬಿಡುವುದಿಲ್ಲ. ಭಿಕ್ಷೆ ಇಲ್ಲವೆಂದ ಬೇವಿನಹಟ್ಟಿಯ ಕಾಳಮ್ಮನ ಸಿರಿ ಬಯಲಿನ ಸಿರಿ. ಜುಂಜೇಗೌಡನ ಕುರಿಹಿಂಡು ಬಯಲಿನ ಗಳಿಕೆ. ಅವೆಲ್ಲ ಮಲೆಗೆ ಬಂದು ಲೆಕ್ಕ ಒಪ್ಪಿಸಬೇಕು. ಕಾಳಮ್ಮನ ಸಾಲಿನಲ್ಲಿ ದೈವದ ಕೋಪ ಒಬ್ಬ ಹೆಂಗಸಿನ ಮೇಲೆ ಎರಗುವ ಬಗೆ ಇಂದಿನ ಓದುಗನಿಗೆ ಅತಿಯೆನಿಸಬಹುದು. ಸಂಕಮ್ಮನ ವಿಷಯದಲ್ಲಿ ಕಾವ್ಯ ತೋರಿದ ವಿವೇಕ ಅಲ್ಲಿ ಕಾಣುವುದಿಲ್ಲ.

ಈ ಚರ್ಚೆ ಕೇವಲ ಕಾವ್ಯಮೀಮಾಂಸೆಯದಲ್ಲ. 2006ರ ಅರಣ್ಯಹಕ್ಕು ಕಾಯಿದೆ ಕಾಡಿನ ಬುಡಕಟ್ಟುಗಳ ಹಕ್ಕನ್ನು 2005ರ ಡಿಸೆಂಬರ್ 13ಕ್ಕೆ ಮೊದಲಿನ ವಾಸಕ್ಕೆ ಕಟ್ಟಿಹಾಕಿದೆ. ದಿನಾಂಕವನ್ನೇ ಇಟ್ಟುಕೊಳ್ಳದ ಜನ ದಿನಾಂಕವೊಂದಕ್ಕೆ ಸಾಕ್ಷಿ ಒದಗಿಸಬೇಕಾಗಿ ಬಂತು. ಅದೇ ಕಾಯಿದೆಯ 2008ರ ನಿಯಮಗಳು ಬರವಣಿಗೆಗೆ ಇಳಿಸಿದ ಹಿರಿಯರ ಹೇಳಿಕೆಯನ್ನೂ ಪವಿತ್ರಸ್ಥಳ, ಸಮಾಧಿಗಳಂಥ ಗುರುತುಗಳನ್ನೂ ಪುರಾವೆಯಾಗಿ ಒಪ್ಪಿದವು. 2011ರಲ್ಲಿ ಬಿಳಿಗಿರಿರಂಗನ ಬೆಟ್ಟದ ಸೋಲಿಗರ ಸಮುದಾಯ ಹಕ್ಕುಗಳಿಗೆ ಮಾನ್ಯತೆ ದೊರೆಯಿತು. ಹಾಡಿನ ಕಾಲವನ್ನು 'ಕಾಲಾತೀತ'ವೆಂದು ಹೊಗಳುವ ವಿಮರ್ಶೆ ಇಂಥ ಸನ್ನಿವೇಶದಲ್ಲಿ ಎಷ್ಟು ನಿರುಪಯುಕ್ತವೆಂದು ವಿವರಿಸಬೇಕಾಗಿಲ್ಲ. ಕಾಲಾತೀತನಾದವನಿಗೆ ಯಾವ ಕಚೇರಿಯಲ್ಲೂ ಹಕ್ಕುಪತ್ರ ಸಿಗುವುದಿಲ್ಲ.

ಕಾಡು ಮತ್ತು ಕಾಲದ ಸಂಬಂಧವನ್ನು ಆಧುನಿಕ ಕನ್ನಡ ಕಾದಂಬರಿಯೂ ಬಿಟ್ಟಿಲ್ಲ. ಕುವೆಂಪು ಅವರ 'ಮಲೆಗಳಲ್ಲಿ ಮದುಮಗಳು' (1967) ಹತ್ತೊಂಬತ್ತನೆಯ ಶತಮಾನದ ಕೊನೆಯ ಮಲೆನಾಡನ್ನು ಚಿತ್ರಿಸುತ್ತ, ದೊಡ್ಡ ಚರಿತ್ರೆಯ ಪಕ್ಕದಲ್ಲೇ ಗುತ್ತಿಯ ನಾಯಿ ಹುಲಿಯನ ಬದುಕನ್ನೂ ಸಾವನ್ನೂ ಇರಿಸುತ್ತದೆ. ಆತಕೂರಿನ ಕಾಳಿಗೆ ಸಾವಿರ ವರ್ಷಗಳ ನಂತರ ಸಿಕ್ಕ ಒಡನಾಡಿಯೆಂದು ಹುಲಿಯನನ್ನು ಕರೆಯಬಹುದು. ವ್ಯತ್ಯಾಸವೆಂದರೆ ಹುಲಿಯನ ಒಡೆಯನೂ ಶಾಸನಕ್ಕೆ ಎಟುಕದವನು. ಪೂರ್ಣಚಂದ್ರ ತೇಜಸ್ವಿಯವರ 'ಕರ್ವಾಲೊ' (1980) ಹಾರುವ ಓತಿಯ ಬೆನ್ನುಹತ್ತಿ ಮನುಷ್ಯನ ಲೆಕ್ಕವನ್ನೇ ಮೀರಿದ ಜೀವವಿಕಾಸದ ಕಾಲವನ್ನು ಕಾಡಿನಲ್ಲಿ ಕಾಣಿಸಿತು. ಈ ಎರಡೂ ಕೃತಿಗಳ ಮಾತು ಪ್ರತ್ಯೇಕ ಅಧ್ಯಯನಕ್ಕೆ ಸೇರಿದ್ದು.

ಮಾದೇಶ್ವರ ಕಾವ್ಯದ ಕಾಲ ನಮ್ಮ ಕೈಗೆ ಬರುವಾಗ ಅದಕ್ಕೆ ಆಗಿರುವ ಒಂದು ಬದಲಾವಣೆಯನ್ನು ಮಾತ್ರ ಇಲ್ಲಿ ಹೇಳಲೇಬೇಕು. ಪಿ.ಕೆ. ರಾಜಶೇಖರ ಅವರ ಸಂಗ್ರಹ 1973ರಲ್ಲಿ ಬಂತು. ಹೆಬ್ಬಣಿ ಮಾದಯ್ಯ ಮತ್ತು ಸಂಗಡಿಗರು ಹಾಡಿದ ಪಾಠವನ್ನು ಕೆ. ಕೇಶವನ್ ಪ್ರಸಾದ್ ಸಂಪಾದಿಸಿ ಹಂಪಿಯ ಕನ್ನಡ ವಿಶ್ವವಿದ್ಯಾಲಯದ ಮೂಲಕ 1997ರಲ್ಲಿ ಹೊರತಂದರು. ಈ ಶ್ರಮವಿಲ್ಲದಿದ್ದರೆ ಮೇಲಿನ ಯಾವ ಓದೂ ಸಾಧ್ಯವಾಗುತ್ತಿರಲಿಲ್ಲ. ಆದರೆ ಮುದ್ರಣ ತನ್ನ ಸ್ವಭಾವಕ್ಕೆ ತಕ್ಕಂತೆ ಸಾಲುಗಳನ್ನು ಹುಟ್ಟಿನಿಂದ ನೆಲೆಗೊಳ್ಳುವವರೆಗಿನ ಜೀವನಚರಿತ್ರೆಯಾಗಿ ಜೋಡಿಸುತ್ತದೆ. ಪುಟ ತಿರುವಿದಂತೆ ಮಾದೇಶ್ವರನಿಗೆ ವಯಸ್ಸಾಗುತ್ತ ಹೋಗುತ್ತದೆ. ಅಂಗಳದಲ್ಲಿ ಹಾಗಲ್ಲ. ಒಂದಿರುಳಿಗೆ ಇಡೀ ಕಾವ್ಯ ಹಿಡಿಸುವುದಿಲ್ಲ. ಮಕ್ಕಳಿಲ್ಲದ ಮನೆಯವರು ಸಂಕಮ್ಮನನ್ನು ಕೇಳಬಹುದು, ಇನ್ನೊಬ್ಬರು ಶ್ರವಣನನ್ನು. ಕಂಸಾಳೆಯ ತಾಳಕ್ಕೆ ಯಾವ ಸಾಲು ಎದ್ದಿತೋ ಆ ಇರುಳಿಗೆ ಅದೇ ಮೊದಲು, ಅದೇ ಕೊನೆ. ಉಳಿದ ಸಾಲುಗಳು ಹಿಂದೆಯೂ ಇಲ್ಲ, ಮುಂದೆಯೂ ಇಲ್ಲ, ಸುತ್ತಲಿನ ಎಪ್ಪತ್ತೇಳು ಮಲೆಗಳಂತೆ ಕತ್ತಲಲ್ಲಿ ಇವೆ. ಕೇಳುಗರಿಗೆ ಅವು ಅಲ್ಲಿವೆಯೆಂದು ಗೊತ್ತು. ಕಾವ್ಯದ ಕಾಡಿನಲ್ಲಿ ಕಾಲಗಳು ಅಕ್ಕಪಕ್ಕದಲ್ಲಿರುವುದಕ್ಕೂ ಪ್ರದರ್ಶನದಲ್ಲಿ ಸಾಲುಗಳು ಅಕ್ಕಪಕ್ಕದಲ್ಲಿರುವುದಕ್ಕೂ ಇರುವ ಈ ಹೊಂದಿಕೆ ಆಕಸ್ಮಿಕವೆನಿಸುವುದಿಲ್ಲ.

ಆದ್ದರಿಂದ ಮುಂದಿನ ಸಂಪಾದನೆಗಳು ಪಾಠದ ಜೊತೆಗೆ ಇನ್ನು ಕೆಲವು ಸಂಗತಿಗಳನ್ನು ದಾಖಲಿಸಬೇಕಾಗಿದೆ. ಯಾರ ಮನೆಯಲ್ಲಿ, ಯಾವ ಹರಕೆಗೆ, ಯಾವ ಸಾಲನ್ನು ಕೇಳಲಾಯಿತು. ಕಥೆ ಎಷ್ಟು ಹೊತ್ತಿಗೆ ಆರಂಭವಾಗಿ ಎಲ್ಲಿ ಊಟಕ್ಕೆ ನಿಂತಿತು. ಬೆಳಕು ಹರಿದಾಗ ಕಥೆ ಯಾವ ಘಟ್ಟದಲ್ಲಿತ್ತು, ಉಳಿದುದನ್ನು ಗಾಯಕ ಹೇಗೆ ಮುಗಿಸಿದ ಅಥವಾ ಮುಗಿಸದೆ ಮಂಗಳ ಹಾಡಿದ ಎಂಬುದೆಲ್ಲ ಪಾಠದ ಅಂಗವೇ. ಮದ್ದೂರು, ಮಳವಳ್ಳಿ ಸೀಮೆಯ ಊರುಗಳಲ್ಲಿ ಇಂಥ ಕೆಲಸಕ್ಕೆ ಬೇಕಾದ ಗಾಯಕರೂ ಕೇಳುಗರೂ ಇನ್ನೂ ಇದ್ದಾರೆ.